ಐದನೇ ಚೀಲ ಗಿಳಿಗಳಿಗೆ

ಕಾಡಿನ ನಡುವೆ ಒಂಟಿ ಗುಡಿಸಲು. ಅಲ್ಲೊಬ್ಬ ರೈತ. ಸುಗ್ಗಿ ಮುಗಿದು ಐದು ಚೀಲ ಕಾಳು ಮನೆ ಸೇರಿದೆ. ಮೊದಲನೆಯದು ಜೀವ ಹಿಡಿದುಕೊಳ್ಳಲು. ಎರಡನೆಯದು ಹೊಟ್ಟೆ ತುಂಬ ಉಂಡು ಗಟ್ಟಿಮುಟ್ಟಾಗಿರಲು. ಮೂರನೆಯದು ಕೋಳಿಗಳಿಗೆ. ನಾಲ್ಕನೆಯದರಲ್ಲಿ ಸಾರಾಯಿ. ಐದನೆಯದು? ಸುಮ್ನೆ ಖುಷಿಗೆ ಸಾಕಿದ ಗಿಳಿಗಳಿಗೆ.

ಒಂದು ಚೀಲ ಕಳ್ಳತನವಾಯಿತು ಅನ್ನಿ. ಯಾರಿಗೆ ಕಾಳಿಲ್ಲ? ಗಿಳಿಗಳಿಗೆ, ಅಷ್ಟೇ. ಐದರಲ್ಲಿ ಯಾವ ಚೀಲ ಹೋದರೂ ಪೆಟ್ಟು ಗಿಳಿಗಳಿಗೇ. ಅಂದರೆ ಐದೂ ಇರುವಾಗ ಒಂದೊಂದು ಚೀಲದ ಬೆಲೆಯೂ ಗಿಳಿ ಸಾಕುವ ಖುಷಿಯಷ್ಟೇ. ಒಂದೇ ಚೀಲ ಉಳಿದ ವರ್ಷ ಅದೇ ಕಾಳಿಗೆ ಜೀವದ ಬೆಲೆ!

ಈ ಕಥೆ ಕಟ್ಟಿದವರು ಅರ್ಥಶಾಸ್ತ್ರಜ್ಞ ಬೋಮ್-ಬಾವರ್ಕ್. ಆಸ್ಟ್ರಿಯಾದ ಹಣಕಾಸು ಮಂತ್ರಿಯೂ ಆಗಿದ್ದವರು. ಅವರಿಗೆ ದಾರಿ ತೋರಿಸಿದ್ದು ವಿಯೆನ್ನಾದ ಕಾರ್ಲ್ ಮೆಂಗರ್ 1871ರಲ್ಲಿ ಬರೆದ ಪುಸ್ತಕ. ನೀರಿಲ್ಲದೆ ಬದುಕಿಲ್ಲ, ಆದರೂ ಅದು ಅಗ್ಗ. ವಜ್ರ ಯಾಕೆ ದುಬಾರಿ ಎಂಬ ಹಳೇ ಒಗಟು ಇಲ್ಲಿ ಬಿಡಿಸಿಕೊಂಡಿತು. ನೀರು ಧಾರಾಳ, ಐದನೇ ಚೀಲವೂ ಇದ್ದಂತೆ. ವಜ್ರ ಅಪರೂಪ, ಒಂದೇ ಚೀಲ ಉಳಿದಂತೆ. ಪಿಯುಸಿಯಲ್ಲಿ ‘ಸೀಮಾಂತ ತುಷ್ಟಿಗುಣ’ ಅಂತ ಉರು ಹೊಡೆದಿದ್ದೆವಲ್ಲ, ಅದು ಇದೇ.

ವಿಚಿತ್ರ ನೋಡಿ, ಅದೇ 1871ರಲ್ಲಿ ಇಂಗ್ಲೆಂಡಿನ ಜೆವನ್ಸ್, 1874ರಲ್ಲಿ ಸ್ವಿಟ್ಜರ್ಲೆಂಡಿನಲ್ಲಿದ್ದ ವಾಲ್‌ರಾ ಕೂಡ ತಮ್ಮ ಪಾಡಿಗೆ ಇದನ್ನೇ ಬರೆದರು. ಜರ್ಮನಿಯ ಗಾಸೆನ್ 1854ರಲ್ಲೇ ಹೇಳಿದ್ದರು, ಪಾಪ! ಪುಸ್ತಕ ಖರ್ಚಾಗದೆ ಬೇಸತ್ತು ಪ್ರತಿಗಳನ್ನು ವಾಪಸ್ ತರಿಸಿಕೊಂಡರು.

ಆಮೇಲೆ ದಾರಿ ಕವಲೊಡೆಯಿತು. ವಾಲ್‌ರಾ ಎಲ್ಲ ಮಾರುಕಟ್ಟೆಗಳನ್ನೂ ಒಟ್ಟಿಗೆ ಸಮೀಕರಣಗಳಲ್ಲಿ ಹಿಡಿಯಲು ಹೊರಟರು. 1890ರಲ್ಲಿ ಮಾರ್ಷಲ್ ಬೇಡಿಕೆ-ಪೂರೈಕೆಯ ಗೆರೆಗಳನ್ನು ಪಾಠದ ನಡುಮನೆಗೆ ತಂದರು. ಇದು ನವಶಾಸ್ತ್ರೀಯ ಪಂಥ. ಇವತ್ತಿನ ಪಠ್ಯಗಳಲ್ಲಿ ಜಾಸ್ತಿ ಇರುವುದು ಇದೇ. ಮೆಂಗರ್ ಶಿಷ್ಯರಿಗೆ, ಅಂದರೆ ಆಸ್ಟ್ರಿಯನ್ ಪಂಥದವರಿಗೆ, ಈ ಗಣಿತ ರುಚಿಸಲಿಲ್ಲ. ಅಂಕಿಗಳನ್ನು ಕಂಡರೆ ಅವರ ಪಂಥಕ್ಕೆ ಅತಿ ಮುನಿಸು ಅಂತ ನನಗನ್ನಿಸುತ್ತದೆ. ಆದರೆ ಅವರ ಪ್ರಶ್ನೆ ಚುರುಕಾಗಿತ್ತು.

ಕಾರ್ಖಾನೆಗಳೆಲ್ಲ ಸರ್ಕಾರದ್ದೇ ಆದರೆ ಯಂತ್ರಗಳನ್ನು ಕೊಳ್ಳುವ-ಮಾರುವ ಸಂತೆಯೇ ಇರುವುದಿಲ್ಲ. ಮತ್ತೆ ಯಾವುದು ದುಬಾರಿ ಅಂತ ಗೊತ್ತಾಗುವುದು ಹೇಗೆ? 1920ರಲ್ಲಿ ಇದೇ ಪಂಥದ ಮೀಸಸ್ ಹೀಗೆ ಕೇಳಿದರು. ಸಮಾಜವಾದಿ ಆಸ್ಕರ್ ಲಾಂಗೆ ವಾಲ್‌ರಾ ಲೆಕ್ಕವನ್ನೇ ಹಿಡಿದು ಉತ್ತರ ಕೊಟ್ಟರು: ಯೋಜನಾ ಮಂಡಳಿ ಬೆಲೆ ಏರಿಸಿ ಇಳಿಸಿ ನೋಡುತ್ತಾ ಸರಿಯಾದದ್ದನ್ನು ಹುಡುಕಬಹುದು. ಅಣ್ಣತಮ್ಮಂದಿರ ಜಗಳ ಅಲ್ವಾ!

ಮೀಸಸ್ ಪಂಥದವರೇ ಆದ ಹಯೆಕ್, ಬೆಲೆ ಹೇಗೆ ಸುದ್ದಿ ಮುಟ್ಟಿಸುತ್ತದೆ ಅನ್ನಲು 1945ರಲ್ಲಿ ತವರದ ಉದಾಹರಣೆ ಕೊಟ್ಟರು. ಎಲ್ಲೋ ಒಂದು ಗಣಿ ನಿಂತಿತೋ, ಹೊಸ ಗಿರಾಕಿ ಹುಟ್ಟಿದನೋ, ತವರ ಬಳಸುವವರಿಗೆ ಗೊತ್ತಿರಬೇಕಿಲ್ಲ. ಬೆಲೆ ಏರಿದ್ದು ಕಂಡರೆ ಸಾಕು, ಯಾರೂ ಹೇಳದೆಯೇ ಕೈ ಬಿಗಿ ಹಿಡಿಯುತ್ತಾರೆ.