ಸೋಲು ಒಪ್ಪಿಕೊಂಡ ರಾತ್ರಿಯಿಂದ: ಮೆಕ್ಸಿಕೋದ ಪಿಆರ್‌ಐ ಕೋಟೆಗಳು ಬಿದ್ದ ಬಗೆ

ಮೆಕ್ಸಿಕೋ ದೇಶದೊಳಗೆ ಅದೇ ಹೆಸರಿನ ರಾಜ್ಯವೊಂದಿದೆ. 2023ರ ಜೂನ್‌ನಲ್ಲಿ ಅಲ್ಲಿ ಡೆಲ್ಫಿನಾ ಗೋಮೆಸ್ ಗವರ್ನರ್ ಆಗಿ ಗೆದ್ದಾಗ, 90 ವರ್ಷ ಮೀರಿದ ಪಿಆರ್‌ಐ ಎಂಬ ಪಕ್ಷದ ಆಡಳಿತ ಮುಗಿಯಿತು ಎಂದು ಸುದ್ದಿಯಾಯಿತು. ಆದರೆ ಪಿಆರ್‌ಐ 2000ದಲ್ಲೇ ಸೋತಿತ್ತಲ್ವಾ? ಅದು ಅಧ್ಯಕ್ಷ ಪದವಿಯ ಲೆಕ್ಕ. ರಾಜ್ಯಗಳ ಕಥೆ ಬೇರೆ. ಅಲ್ಲಿ ಗವರ್ನರ್ ಅಂದರೆ ನಮ್ಮ ರಾಜ್ಯಪಾಲರಂತೆ ಮೇಲಿನಿಂದ ಬಂದವರಲ್ಲ. ನಮ್ಮ ಮುಖ್ಯಮಂತ್ರಿಗಿರುವಂಥ ಅಧಿಕಾರ, ಅದೂ ಜನರೇ ನೇರವಾಗಿ ಆರಿಸುವ ಹುದ್ದೆ.

ಪಕ್ಷ ಹುಟ್ಟಿದ್ದು 1929ರಲ್ಲಿ. ಎರಡು ಸಲ ಹೆಸರು ಬದಲಾಯಿತು, ಅಧಿಕಾರ ಬದಲಾಗಲಿಲ್ಲ. 60 ವರ್ಷ ಒಂದೇ ಒಂದು ರಾಜ್ಯವನ್ನೂ ಅದು ಬಿಟ್ಟುಕೊಡಲಿಲ್ಲ. ಮತದಾನಕ್ಕೆ ಮೊದಲೇ ಚೀಟಿ ತುಂಬಿಸಿಟ್ಟ ಡಬ್ಬಿಗಳಿಗೆ ಜನ 'ಬಸುರಿ ಪೆಟ್ಟಿಗೆ' ಅಂತಲೇ ಹೆಸರಿಟ್ಟಿದ್ದರು. 1988ರ ಅಧ್ಯಕ್ಷ ಚುನಾವಣೆಯ ರಾತ್ರಿ ಎಣಿಕೆಯ ಕಂಪ್ಯೂಟರ್ ವ್ಯವಸ್ಥೆ 'ಬಿದ್ದುಹೋಯಿತು'. ಅದು ಎದ್ದ ಮೇಲೆ ಪಿಆರ್‌ಐನ ಕಾರ್ಲೋಸ್ ಸಲಿನಾಸ್ ಗೆದ್ದಿದ್ದರು.

ಅದಾಗಿ ಒಂದೇ ವರ್ಷ. ಅಮೆರಿಕದ ಗಡಿಗೆ ತಾಗಿದ ಬಾಹಾ ಕ್ಯಾಲಿಫೋರ್ನಿಯಾ ರಾಜ್ಯದಲ್ಲಿ 1989ರ ಜುಲೈ 2ರಂದು ಮತದಾನ. ಅಲ್ಲಿನ ಪಿಆರ್‌ಐ ಗವರ್ನರ್ ಅವಧಿ ಮುಗಿಯುವ ಮೊದಲೇ ಕುರ್ಚಿ ಬಿಟ್ಟಿದ್ದರು. ವಿರೋಧ ಪಕ್ಷ ಪ್ಯಾನ್‌ನಿಂದ ನಿಂತವರು ಎರ್ನೆಸ್ಟೋ ರುಫೋ. ಮೀನಿನ ಕಂಪನಿಯಲ್ಲಿ ಕೆಲಸ ಮಾಡಿ, ಆಮೇಲೆ ಎನ್ಸೆನಾಡ ಬಂದರು ಪಟ್ಟಣದ ಮೇಯರ್ ಆದವರು. ಜನ ಅವರಿಗೆ ಓಟು ಹಾಕಿದ್ದು ಅಂಥ ಅಚ್ಚರಿಯೇನಲ್ಲ. ಹಾಕಿದ ಓಟನ್ನು ಎಣಿಸಿದ್ದು ಅಚ್ಚರಿ! ಪಿಆರ್‌ಐ ಪಕ್ಷದ ಅಧ್ಯಕ್ಷ ಲೂಯಿಸ್ ಡೊನಾಲ್ಡೋ ಕೊಲೋಸಿಯೊ ಟಿವಿ ಮುಂದೆ ಬಂದು, ಫಲಿತಾಂಶ ತಮ್ಮ ಪಕ್ಷದ ಪರವಾಗಿಲ್ಲ ಎಂದು ಒಪ್ಪಿಕೊಂಡರು.

ಅದೇ ದಿನ ಮಿಚೋಅಕಾನ್ ರಾಜ್ಯದಲ್ಲೂ ಶಾಸಕರ ಚುನಾವಣೆ ಇತ್ತು. ಅಲ್ಲಿ ಎಡಪಕ್ಷದವರು ಮೋಸವಾಗಿದೆ ಎಂದು ಬೀದಿಗಿಳಿದರು, ಫಲಿತಾಂಶ ಮಾತ್ರ ಪಿಆರ್‌ಐ ಕಡೆಗೇ ಹೋಯಿತು. ಸಂವಿಧಾನ ತಿದ್ದಲು ಸಲಿನಾಸ್ ಅವರಿಗೆ ಸಂಸತ್ತಿನಲ್ಲಿ ಬೇಕಿದ್ದದ್ದು ಪ್ಯಾನ್ ಬೆಂಬಲ, ಎಡಪಕ್ಷದ್ದಲ್ಲ. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದರೆ ಬಾಹಾದ ಗೆಲುವು ಜನ ಕಿತ್ತುಕೊಂಡದ್ದೋ, ಮೇಲಿನವರು ಬಿಟ್ಟುಕೊಟ್ಟದ್ದೋ ಎಂಬ ಅನುಮಾನ ಬಾರದೆ ಇರದು. ಬಹುಶಃ ಎರಡೂ.

ರುಫೋ ಕಾಲದ ದೊಡ್ಡ ಕೆಲಸ ಸಣ್ಣದಾಗಿ ಕಾಣುತ್ತದೆ: ಫೋಟೊ ಇರುವ ಮತದಾರರ ಗುರುತಿನ ಚೀಟಿ. ಆಮೇಲೆ ಅದು ದೇಶಕ್ಕೆಲ್ಲ ಬಂತು. ಕೊಲೋಸಿಯೊ 1994ರಲ್ಲಿ ಅಧ್ಯಕ್ಷ ಹುದ್ದೆಗೆ ನಿಂತರು. ಪ್ರಚಾರದ ನಡುವೆ ಗುಂಡೇಟಿಗೆ ಬಲಿಯಾದದ್ದು ಇದೇ ರಾಜ್ಯದ ಟಿಹುವಾನಾದಲ್ಲಿ.

ಮುಂದಿನದು ಬೇಗ ಬೇಗ ನಡೆಯಿತು. ಒಂದೊಂದೇ ರಾಜ್ಯ ಜಾರಿತು, 2000ದಲ್ಲಿ ಅಧ್ಯಕ್ಷ ಪದವಿಯೂ ಹೋಯಿತು. ಏಕಪಕ್ಷ ಆಡಳಿತ ಮುರಿದ ಬಾಹಾದಲ್ಲಿ ಪ್ಯಾನ್ ತಾನೇ 30 ವರ್ಷ ಸತತ ಕೂತಿತು. 2019ರಲ್ಲಿ ಅಲ್ಲಿ ಅದನ್ನು ಸೋಲಿಸಿದ್ದು ಮೊರೆನಾ. ಡೆಲ್ಫಿನಾ ಅವರದೂ ಅದೇ ಪಕ್ಷ. ಅವರು ಗೆದ್ದ ದಿನವೇ ಕೊಅಹುಯಿಲಾ ರಾಜ್ಯದಲ್ಲೂ ಎಣಿಕೆ ನಡೆಯಿತು. ಅಲ್ಲಿ ಪಿಆರ್‌ಐ ಮತ್ತೆ ಗೆದ್ದಿತು. 1929ರಿಂದ ಬೇರೆ ಪಕ್ಷದ ಗವರ್ನರ್‌ನನ್ನೇ ಕಾಣದ ರಾಜ್ಯವೆಂದರೆ ಈಗ ಅದೊಂದೇ.