30 ಎಕ್ಸ್ ಝೂಮ್ ತಗೊಳ್ಳೋರು ಜರಾ ನಿಂದ್ರಿ

ಟೂರಿಗಿ ಒಂದ್ ಸಣ್ಣ ಕ್ಯಾಮೆರಾ ಬೇಕು ಅಂತ ನಮ್ ಸ್ಟುಡಿಯೋಕ್ಕ ಬರೋರು ಕೇಳೋ ಮೊದಲನೇ ಮಾತು ಒಂದೇ, "ಎಷ್ಟು ಎಕ್ಸ್ ಅದರೀ?" ಝೂಮ್ ಲೆನ್ಸಿಗಿ ಎಂಎಂ ಲೆಕ್ಕದಾಗ ಎರಡು ನಂಬರ್ ಇರ್ತಾವ, ಸಣ್ಣದು ಅಗಲ ನೋಟಕ್ಕ, ದೊಡ್ಡದು ದೂರದ್ದು ಹತ್ರ ತರ್ಲಿಕ್ಕ. ಆ ಎಕ್ಸ್ ಅಂದ್ರ ದೊಡ್ಡ ನಂಬರಿಗಿ ಸಣ್ಣ ನಂಬರಿಂದ ಭಾಗ ಮಾಡಿದ್ ಲೆಕ್ಕ ಅಷ್ಟೇ. ಪ್ಯಾನಸೋನಿಕ್ ಟಿಝಡ್95 ಅದಲ್ಲ, ಹಳೇ ರೀಲ್ ಕ್ಯಾಮೆರಾ ಲೆಕ್ಕದಾಗ 24 ರಿಂದ 720 ಎಂಎಂ, ಹಂಗಾಗಿ 30 ಎಕ್ಸ್. ಕ್ಯಾನನ್ ಎಸ್‌ಎಕ್ಸ್740 ದು 24 ರಿಂದ 960, ಅದು 40. ಟಿಝಡ್200 ದು 24 ರಿಂದ 360, ಬರೀ 15. ಈ ಲೆಕ್ಕ ನೋಡಿದ್ರ ಮೂರನೇದು ಎಲ್ಲಕ್ಕಿಂತ ಕಡಿಮಿ ಮಾಲ್ ಆಗ್ಬೇಕಿತ್ತು, ಆದ್ರ ಮೂರರಾಗ ರೇಟ್ ಜಾಸ್ತಿ ಇರೋದು ಅದರದ್ದೇ. ಯಾಕ ಅಂತ ಯಾರೂ ಕೇಳಂಗಿಲ್ಲ.

ಕಾರಣ ಒಳಗಿನ ಸೆನ್ಸರ್, ಅಂದ್ರ ಬೆಳಕು ಹಿಡದು ಫೋಟೋ ಮಾಡೋ ಚಿಪ್. ಮೊದಲಿನ ಎರಡರಾಗ ಇರೋದು 1/2.3 ಇಂಚಿನ ಸೆನ್ಸರ್, ಅಂದ್ರ ಸುಮಾರು 6.2 ಎಂಎಂ ಅಗಲ 4.6 ಎಂಎಂ ಎತ್ತರ, ಟಿಝಡ್200 ದಾಗ ಇರೋದು ಒಂದಿಂಚಿಂದು ಅಂತಾರ, ಖರೆ ಅಳತಿ 13.2 ಕ್ಕ 8.8 ಎಂಎಂ, ಹೆಸರಿಗಿ ಇಂಚು ಅಷ್ಟೇ, ಆದ್ರೂ ಜಾಗ ನಾಲ್ಕು ಪಟ್ಟು. ನಾಲ್ಕು ಪಟ್ಟು ಜಾಗ ಅಂದ್ರ ನಾಲ್ಕು ಪಟ್ಟು ಬೆಳಕು ಬೀಳ್ತದ, ಸಣ್ಣ ಸೆನ್ಸರ್ ಐಎಸ್ಒ 800 ಕ್ಕ ಕೊಡೋ ಫೋಟೋ ಇದು 3200 ಕ್ಕ ಕೊಡ್ತದ ಅಂತ ಹಿಡೀರಿ. ಐಎಸ್ಒ ಅಂದ್ರ ಬೆಳಕು ಕಡಿಮಿ ಇದ್ದಾಗ ಫೋಟೋ ಬೆಳ್ಳಗ ಮಾಡೋ ಸೆಟ್ಟಿಂಗ್, ಏರಿಸಿದಷ್ಟೂ ಫೋಟೋ ಕೆಡ್ತದ.

ಇನ್ನೊಂದು, ಝೂಮ್ ಮಾಡ್ತಾ ಹೋದಂಗ ಸೆನ್ಸರಿಗಿ ಮುಟ್ಟೋ ಬೆಳಕು ಕಡಿಮಿ ಆಗ್ತದ. ಇದನ್ನ ಎಫ್ ನಂಬರಿನ್ಯಾಗ ಹೇಳ್ತಾರ, ನಂಬರ್ ದೊಡ್ಡದಾದಷ್ಟೂ ಬೆಳಕು ಕಡಿಮಿ. ಟಿಝಡ್95 ಅಗಲದ ತುದಿಗಿ ಎಫ್ 3.3 ಇರೋದು ಝೂಮ್ ತುದಿಗಿ ಎಫ್ 6.4 ಆಗ್ತದ, ಬೆಳಕು ಹತ್ರ ಹತ್ರ ಕಾಲು ಭಾಗಕ್ಕ ಇಳೀತು ಅಂತಾಯ್ತು. ಶರಣಬಸವೇಶ್ವರ ಜಾತ್ರಿ ನೆನಸ್ಕೊಳ್ರಿ, ತೇರು ಎಳಿಯೋದು ಸಂಜಿ ಹೊತ್ನ್ಯಾಗ, ಮಂದಿ ಎಷ್ಟಂದ್ರ ಮುಂದ ಹೋಗ್ಲಿಕ್ಕೇ ಆಗಂಗಿಲ್ಲ, ದೂರ ಯಾವ್ದೋ ಮಾಳಿಗಿ ಮ್ಯಾಲೆ ನಿಂತು ಪೂರಾ ಝೂಮ್ ಹಾಕ್ತೀರಿ, ತೇರು ಅಲ್ಲಾಡ್ತಿರ್ತದ ಅದಕ್ಕ ಶಟರ್ 1/250 ಸೆಕೆಂಡ್ ಆದ್ರೂ ಬೇಕು, ಬೆಳಕು ಸಾಲಂಗಿಲ್ಲ, ಕ್ಯಾಮೆರಾ ಐಎಸ್ಒ 3200 ಕ್ಕ ಏರ್ಸ್ತದ, ಮನಿಗಿ ಬಂದು ನೋಡಿದ್ರ ಮಂದಿ ಮುಖ ಎಲ್ಲಾ ಬಣ್ಣ ಬಳದಂಗ. ಕೈ ನಡಗಿತ್ತು ಅಂತ ಅನ್ಕೊಂತಾರ. ಕೈ ನಡಗೋದಕ್ಕ ಸ್ಟೆಬಿಲೈಸರ್ ಅದ, ಅದು ಖರೇನೇ ಚಲೋ ಕೆಲಸ ಮಾಡ್ತದ, ಆದ್ರ ಎದುರಿಗಿನ ಮನುಷ್ಯ ಅಲ್ಲಾಡಿದ್ರ ಅದೇನು ಮಾಡ್ತದ?

ಮೆಗಾಪಿಕ್ಸೆಲ್ ಬಗ್ಗೆ ಸಂಕ್ಷಿಪ್ತ ಹೇಳ್ತೀನಿ. ಇಷ್ಟು ಸಣ್ಣ ಸೆನ್ಸರಿನ್ಯಾಗ 20 ಮೆಗಾಪಿಕ್ಸೆಲ್ ತುರುಕಿದ್ರ ಒಂದೊಂದು ಪಿಕ್ಸೆಲ್ ಸುಮಾರು 1.2 ಮೈಕ್ರಾನ್ (ಒಂದು ಮೈಕ್ರಾನ್ ಅಂದ್ರ ಎಂಎಂದಾಗ ಸಾವಿರನೇ ಭಾಗ). ಎಫ್ 6.4 ರಾಗ ಬೆಳಕು ತಾನೇ ಹರಡಿ ಸುಮಾರು 8.6 ಮೈಕ್ರಾನಿನ ಚುಕ್ಕಿ ಆಗ್ತದ, ಅಂದ್ರ ಒಂದು ಚುಕ್ಕಿನೇ ಎಷ್ಟೋ ಪಿಕ್ಸೆಲ್ ಮುಚ್ಚಿಬಿಡ್ತದ, ಇದು ಭೌತಶಾಸ್ತ್ರದ ಮಾತು, ಯಾವ ಕಂಪನಿನೂ ಬದಲಾಯಿಸ್ಲಿಕ್ಕ ಬರಂಗಿಲ್ಲ. ಹಂಗಾಗಿ ಪೂರಾ ಝೂಮಿನ್ಯಾಗ 20 ಮೆಗಾಪಿಕ್ಸೆಲ್ ಅನ್ನೋದು ಡಬ್ಬಿ ಮ್ಯಾಲಿನ ನಂಬರ್, ನಿಮಗ ಸಿಗೋ ವಿವರ ಅದರಕಿಂತ ಭಾಳ ಕಡಿಮಿ. ಅದರ ಮ್ಯಾಲೆ ಡಿಜಿಟಲ್ ಝೂಮ್ (ಫೋಟೋದ ನಡುವಿನ ತುಂಡು ಕತ್ತರಿಸಿ ಹಿಗ್ಗಿಸೋದು) ಬ್ಯಾರೆ ಹಾಕ್ಕೊಂಡು 60 ಎಕ್ಸ್ 80 ಎಕ್ಸ್ ಅಂತ ತೋರಿಸ್ತಾರಲ್ಲ, ಅದನ್ನ ಮೆನುದಾಗ ಹೋಗಿ ಮೊದಲ ದಿನಾನೇ ಬಂದ್ ಮಾಡ್ರಿ.

ನಮ್ ಕಡೆ ಇನ್ನೊಂದು ತ್ರಾಸ ಅದ, ಬಿಸಿಲು. ಯಾದಗಿರಿ ಕೋಟಿ ಮ್ಯಾಲೆ ಹತ್ತಿ ಏಪ್ರಿಲ್ ಮಧ್ಯಾಹ್ನ ಊರ ಕಡೆ 720 ಎಂಎಂ ಹಾಕಿ ನೋಡ್ರಿ, ಮನಿ, ಗಿಡ, ಟವರ್ ಎಲ್ಲಾ ನೀರಾಗ ಮುಳುಗಿದಂಗ ಕುಣೀತಿರ್ತಾವ. ಕಾದ ಬಂಡೆಗಲ್ಲು, ಕರಿ ಭೂಮಿ ಮ್ಯಾಲಿನ ಗಾಳಿ ಬಿಸಿಯಾಗಿ ಮ್ಯಾಲೇಳ್ತಿರ್ತದ, ಬೆಳಕು ಅದರಾಗ ಹಾದು ಬರೋವಾಗ ಸೊಟ್ಟ ಆಗ್ತದ. ಇದಕ್ಕ ಲಕ್ಷ ರೂಪಾಯಿ ಲೆನ್ಸ್ ತಂದ್ರೂ ಉಪಯೋಗಿಲ್ಲ. ಅದೇ ಜಾಗ, ಅದೇ ಕ್ಯಾಮೆರಾ, ಮುಂಜಾನೆ ಬಿಸಿಲೇರೋಕಿಂತ ಮೊದಲು ಹೋಗ್ರಿ ಇಲ್ಲಾ ಮಳಿ ಬಂದ್ ಹೋದ ಮರುದಿನ ಹೋಗ್ರಿ, ಚೊಕ್ಕ ಬರ್ತದ. ಶಹಾಪುರದ ಮಲಗಿದ ಬುದ್ಧನ ಗುಡ್ಡಾನೂ ಹಂಗೇ, ಅದಕ್ಕಂತೂ 720 ಬೇಕೇ ಆಗಂಗಿಲ್ಲ, ಅದರ ಅರ್ಧಕ್ಕಿಂತ ಕಡಿಮಿ ಝೂಮ್ ಸಾಕು.

ಹಂಗಂತ ಝೂಮ್ ಬ್ಯಾಡೇ ಬ್ಯಾಡ ಅನ್ನಂಗಿಲ್ಲ ನಾನು. ಬೀದರಿನ ಮಹಮೂದ್ ಗವಾನ್ ಮದರಸಾಕ್ಕ ಹೋಗ್ರಿ, 1472 ರಾಗ ಕಟ್ಟಿದ್ದು, 1696 ರಾಗ ಮದ್ದು ಸಿಡದು ಅರ್ಧ ಹಾಳಾಯ್ತು, ಉಳದ ಒಂದು ಮಿನಾರಿನ ಮ್ಯಾಲೆ ಇನ್ನೂ ನೀಲಿ ಬಿಳಿ ಹಳದಿ ಟೈಲ್ಸ್ ಅವ, ಬರಿಗಣ್ಣಿಗಿ ಬರೀ ಬಣ್ಣ ಕಾಣ್ತದ. 250-300 ಎಂಎಂ ಹಾಕಿದ್ರ ಒಂದೊಂದು ಟೈಲಿನ ಅಂಚು, ಉದುರಿದ ಜಾಗ, ಬರವಣಿಗಿ ಎಲ್ಲಾ ಎದ್ದು ಬರ್ತದ. ಫೋನಿನ್ಯಾಗ ಇದು ಆಗಂಗಿಲ್ಲ, 5 ಎಕ್ಸ್ ಇರೋ ಚಲೋ ಫೋನು ಸುಮಾರು 120 ಎಂಎಂ ತನಕ ಹೋಗ್ತದ, ಅದರ ಒಳಗಿನ ಫೋಟೋಕ್ಕಾದ್ರ ಬ್ಯಾರೆ ಕ್ಯಾಮೆರಾ ತಗೊಳ್ಳೋ ಜರೂರತ್ತೇ ಇಲ್ಲ. ಸುರಪುರ ತಾಲೂಕಿನ ಬೋನಾಳ ಕೆರಿ ಹಕ್ಕಿ, ಬೀದರ್ ಕಡಿ ಕೃಷ್ಣಮೃಗ ಇವು ಬೇಕಂದ್ರ 720 ಬೇಕು, ಬಿಸಿಲೇರೋದ್ರೊಳಗ ಮುಗಿಸ್ಬೇಕು. ಬೀದರಿನ್ಯಾಗ ಏರ್‌ಫೋರ್ಸ್ ಸ್ಟೇಷನ್ ಕಡೆ ಮಾತ್ರ ಝೂಮ್ ಹಚ್ಚಬ್ಯಾಡ್ರಿ, ಆಮ್ಯಾಲೆ ಉತ್ತರ ಕೊಡೋರು ನೀವೇ.

ಖರೆ ಹೇಳ್ಬೇಕಂದ್ರ ನಮ್ಮ ಕಲಬುರಗಿ, ಯಾದಗಿರಿ, ಬೀದರ್ ಮೂರೂ ಜಿಲ್ಲಾದಾಗ ಜಾಸ್ತಿ ಉಪಯೋಗ ಬರೋದು ಲೆನ್ಸಿನ ಸಣ್ಣ ನಂಬರು. ಕಲಬುರಗಿ ಕೋಟಿ ಒಳಗಿನ ಜಾಮಿ ಮಸೀದಿ, 1367 ರದು, ಬಯಲಂಗಳಾನೇ ಇಲ್ಲ, ಪೂರಾ ಮ್ಯಾಲೆ ಮುಚ್ಚಿದ್ದು, ಆ ಕಮಾನಿನ ಸಾಲಿನ್ಯಾಗ ಹಿಂದ ಸರೀಲಿಕ್ಕ ಜಾಗ ಇಲ್ಲ, 24 ಎಂಎಂ ಇರ್ಲೇಬೇಕು, 28 ಇದ್ರ ಒದ್ದಾಡ್ತೀರಿ. ಬೀದರ್ ಹತ್ರದ ಅಷ್ಟೂರಿನ ಅಹಮದ್ ಶಾ ವಲಿ ಗುಂಬಜಿನ ಒಳಗಂತೂ ಕತ್ತಲ, ಮ್ಯಾಲೆ ಬಣ್ಣದ ಚಿತ್ತಾರ. ಫ್ಲ್ಯಾಶ್ ಹೊಡೀಬ್ಯಾಡ್ರಿ, ಚಿತ್ತಾರಕ್ಕೂ ಛಲೋ ಅಲ್ಲ, ಅಷ್ಟೆತ್ತರಕ್ಕ ಮುಟ್ಟಂಗೂ ಇಲ್ಲ. ಟ್ರೈಪಾಡಿಗಿ ಪುರಾತತ್ವ ಇಲಾಖಿ ಪರ್ಮಿಷನ್ ಬೇಕು. ನಾ ಏನ್ ಮಾಡ್ತೀನಂದ್ರ, ಒಂದ್ ಕರ್ಚೀಫ್ ಹಾಸಿ ಕ್ಯಾಮೆರಾ ನೆಲದ ಮ್ಯಾಲೆ ಅಂಗಾತ ಮಲಗಿಸ್ತೀನಿ, ಲೆನ್ಸ್ ಮ್ಯಾಲಕ್ಕ, ಐಎಸ್ಒ 100, ಎರಡು ಸೆಕೆಂಡ್ ಟೈಮರ್, ಶಟರ್ ಒಂದೆರಡು ಸೆಕೆಂಡ್. ಇದರಾಗ 1/2.3 ಇಂಚಿನ ಕ್ಯಾಮೆರಾನೂ ಮಸ್ತ್ ಫೋಟೋ ಕೊಡ್ತದ.

ವ್ಯೂಫೈಂಡರ್, ಅಂದ್ರ ಕಣ್ಣಿಗಿ ಹಚ್ಚಿ ನೋಡೋ ಕಿಂಡಿ, ಇರ್ಲೇಬೇಕು ಅನ್ನೋದು ನನ್ ಹಠ. ಮೇ ತಿಂಗಳ ಬಿಸಿಲಿನ್ಯಾಗ ಹಿಂದಿನ ಸ್ಕ್ರೀನಿನ್ಯಾಗ ನಿಮ್ಮ ಮುಖಾನೇ ಕಾಣೋದು. ಕಣ್ಣಿಗಿ ಹಚ್ಚಿ ಹಿಡದ್ರ ಕೈನೂ ಗಟ್ಟಿ ನಿಂದರ್ತದ. ಟಿಝಡ್95 ದಾಗ ಅದ, ಎಸ್‌ಎಕ್ಸ್740 ದಾಗ ಇಲ್ಲ. 2025 ರಾಗ ಬಂದ ಟಿಝಡ್99 ಹೊಸಾದು, ಲೆನ್ಸ್ ಅದೇ, ಚಾರ್ಜಿಂಗ್ ಟೈಪ್-ಸಿ ಮಾಡ್ಯಾರ, ವ್ಯೂಫೈಂಡರ್ ತೆಗದು ಬಿಟ್ಟಾರ! ನಾನಾದ್ರ ಹಳೇದೇ ಹುಡುಕ್ತೀನಿ.

ಹಳೇದು ಅಂದ್ರ ಸೆಕೆಂಡ್ ಹ್ಯಾಂಡ್, ದುಬೈದಿಂದ ಅಮೆರಿಕಾದಿಂದ ಸಂಬಂಧಿಕರು ತಂದದ್ದು. ಅಮೆರಿಕಾದ ಡಬ್ಬಿ ಮ್ಯಾಲೆ ಟಿಝಡ್95 ಅಂತ ಇರಂಗಿಲ್ಲ, ಝಡ್ಎಸ್80 ಅಂತ ಇರ್ತದ, ಎರಡೂ ಒಂದೇ. ಇದರಾಗ ನೋಡ್ಬೇಕಾದ್ದು ಮುಖ್ಯ ಧೂಳು. ಲೆನ್ಸ್ ಹೊರಗ ಬಂದು ಒಳಗ ಹೋಗೋ ಪ್ರತಿ ಸಲ ಗಾಳಿ ಎಳ್ಕೊಂತದ, ನಮ್ದೋ ತೊಗರಿ ರಾಶಿ ಧೂಳು, ವಾಡಿ ಸೇಡಂ ಕಡೆ ಸಿಮೆಂಟ್ ಧೂಳು. ಸೆನ್ಸರ್ ಮ್ಯಾಲೆ ಕೂತ್ರ ಡಿಎಸ್ಎಲ್ಆರ್ ತರ ಲೆನ್ಸ್ ಕಳಚಿ ಒರಸ್ಲಿಕ್ಕ ಬರಂಗಿಲ್ಲ, ಪೂರಾ ಬಿಚ್ಚಬೇಕು, ಆ ಖರ್ಚು ಸಣ್ಣದಲ್ಲ. ಅದಕ್ಕ ರೊಕ್ಕ ಕೊಡೋಕಿಂತ ಮೊದಲ ಪೂರಾ ಝೂಮ್ ಹಾಕಿ, ಎಫ್ 8 ಇಟ್ಟು, ಬರೀ ಆಕಾಶದ ಒಂದು ಫೋಟೋ ತಗೀರಿ, ಮಸಕ ಕರಿ ಚುಕ್ಕಿ ಕಂಡ್ರ ವಾಪಸ್ ಕೊಟ್ ಬಿಡ್ರಿ. ಆಮ್ಯಾಲೆ ಅಂಗಡಿ ಹೊರಗ ಬಂದು ರಸ್ತಾದ ಆ ತುದಿ ಬೋರ್ಡಿಗಿ ಝೂಮ್ ಹಾಕಿ ಅಕ್ಷರ ನೋಡ್ರಿ, ಹಂಗೇ ಒಂದ್ ಸಪಾಟ್ ಇಟ್ಟಂಗಿ ಗ್ವಾಡಿ ನೇರ ನಿಂತು ತಗೀರಿ, ನಾಲ್ಕು ಮೂಲಿಯೊಳಗ ಒಂದು ಮಾತ್ರ ಮಸಕ ಬಂದ್ರ ಲೆನ್ಸ್ ಎಲ್ಲೋ ಬಿದ್ದು ಸೊಟ್ಟ ಆಗ್ಯದ ಅಂತ ಅರ್ಥ. ಝೂಮ್ ಒಳಗ ಹೊರಗ ಮಾಡುವಾಗ ಕರಕರ ಅಂದ್ರೂ ಬ್ಯಾಡ. ಮತ್ತ ಈ ಪರೀಕ್ಷಾ ಮಧ್ಯಾಹ್ನ ಮಾಡಬ್ಯಾಡ್ರಿ, ಮುಂಜಾನೆ ಅಂಗಡಿ ತೆಗೆಯೋ ಹೊತ್ತಿಗೇ ಹೋಗ್ರಿ, ಇಲ್ಲಾಂದ್ರ ಬಿಸಿಲಿನ ತಪ್ಪು ಲೆನ್ಸಿನ ಮ್ಯಾಲೆ ಬರ್ತದ.