ಕೋರ್ಟ್ ಕಮಿಷನರ್ ಅಳತೆ ನಮ್ಮ ವಿರುದ್ಧ ಬಂದಿದೆ, ಕೇಸ್ ಸೋತ ಹಾಗೇನಾ?

ಪ್ರಶ್ನೆ: ಕೆಂಗೇರಿ ಕಡೆ ನಮ್ಮದೊಂದು 30–40 ಸೈಟ್ ಇದೆ. ಪಕ್ಕದವರು ಕಾಂಪೌಂಡ್ ಹಾಕುವಾಗ ನಮ್ಮ ಜಾಗ ಒತ್ತಿದ್ದಾರೆ ಎಂದು ದಾವೆ ಹೂಡಿದ್ದೆವು. ಕೋರ್ಟ್ ನೇಮಿಸಿದ ಸರ್ವೇಯರ್ ಬಂದು ಅಳೆದು, ಒತ್ತುವರಿಯೇ ಇಲ್ಲ ಎಂದು ವರದಿ ಕೊಟ್ಟಿದ್ದಾರೆ. ಇನ್ನೇನೂ ಮಾಡೋಕಾಗಲ್ವಾ?

ಉತ್ತರ: ಆಗುತ್ತೆ. ಹೀಗೆ ಅಳತೆಗೆ ಕೋರ್ಟ್ ನೇಮಿಸಿದವರನ್ನೇ ಕೋರ್ಟ್ ಕಮಿಷನರ್ ಅನ್ನುವುದು; ಅವರ ವರದಿ ತೀರ್ಪಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 26, ನಿಯಮ 10ರ ಪ್ರಕಾರ ಅದೊಂದು ಸಾಕ್ಷ್ಯ, ಅಷ್ಟೇ. ಜಡ್ಜ್ ಅದನ್ನು ಕ್ರಯಪತ್ರ, ನಕ್ಷೆ, ಸಾಕ್ಷಿಗಳ ಜೊತೆ ಇಟ್ಟು ತೂಗುತ್ತಾರೆ. ಆದರೆ ನೀವು ಬಾಯಿ ಮುಚ್ಚಿಕೊಂಡಿದ್ದರೆ ತಕ್ಕಡಿ ಅತ್ತ ವಾಲುವುದು ಸಹಜ. ಹಾಗಾಗಿ ಕೋರ್ಟ್ ಕೊಟ್ಟ ದಿನಾಂಕದೊಳಗೆ ಲಿಖಿತ ಆಕ್ಷೇಪಣೆ ಹಾಕಿಸಿ.

ಅಲ್ಲೇ ಜಾಸ್ತಿ ಜನ ಎಡವುವುದು. ‘ವರದಿ ಸುಳ್ಳು, ಪಕ್ಕದವರ ಜೊತೆ ಶಾಮೀಲಾಗಿದ್ದಾರೆ’ ಎಂದು ಎರಡು ಸಾಲು ಬರೆದು ಕೊಡುತ್ತಾರೆ. ಸಿಟ್ಟು ಅರ್ಥವಾಗುತ್ತದೆ, ಆದರೆ ಅದರಿಂದ ಕೆಲಸ ಆಗುವುದಿಲ್ಲ. ಟೇಪು ಎಲ್ಲಿಂದ ಶುರುವಾಯಿತು ಎಂಬುದನ್ನು ಹಿಡಿಯಿರಿ.

ಒಂದು ಲೆಕ್ಕ ನೋಡಿ. ಎರಡು ರಸ್ತೆಗಳ ನಡುವೆ 30 ಅಡಿಯ ಐದು ಸೈಟು. ಕಾಗದದಲ್ಲಿ 150 ಅಡಿ. ನೆಲದಲ್ಲಿ ಇರುವುದು 147. ಪಶ್ಚಿಮದ ರಸ್ತೆಯಿಂದ ಅಳೆದುಕೊಂಡು ಬಂದರೆ ಆ ಮೂರು ಅಡಿ ಕೊರತೆ ಪೂರ್ವದ ಕೊನೆಯವನ ತಲೆಗೆ. ಪೂರ್ವದಿಂದ ಅಳೆದರೆ ಪಶ್ಚಿಮದವನ ತಲೆಗೆ. ಟೇಪು ಸರಿ, ಸರ್ವೇಯರೂ ಪ್ರಾಮಾಣಿಕ, ಆದರೂ ಗಡಿ ಮೂರು ಅಡಿ ಜರುಗಿತು! ಕೃಷಿ ಜಮೀನನ್ನೇ ಸೈಟು ಮಾಡಿ ಮಾರಿದ ರೆವಿನ್ಯೂ ಬಡಾವಣೆಗಳಲ್ಲಿ ಇದು ಇನ್ನೂ ಗೋಜಲು. ಸರ್ವೆ ನಂಬರಿನ ಬಾಂದು ಕಲ್ಲುಗಳು, ಅಂದರೆ ಗಡಿ ಕಲ್ಲುಗಳು, ಯಾವತ್ತೋ ಚರಂಡಿ, ರಸ್ತೆ ಅಡಿ ಹೋಗಿರುತ್ತವೆ. ಆಗ ಮೂಲ ಟಿಪ್ಪಣಿ (ಹಳೆಯ ಸರ್ವೆಯಲ್ಲಿ ಬರೆದಿಟ್ಟ ಅಳತೆಯ ಸ್ಕೆಚ್), ಗ್ರಾಮ ನಕ್ಷೆ ಹಿಡಿದು, ಅಲುಗಾಡದ ಗುರುತುಗಳಿಂದ ಅಳತೆ ತರಬೇಕು. ಯಾರದೋ ಮನೆ ಗೋಡೆಯನ್ನೇ ಗಡಿ ಅಂದುಕೊಂಡು ಅಳೆದಿದ್ದರೆ, ಆ ಗೋಡೆ ಸರಿಯಾದ ಜಾಗದಲ್ಲಿದೆ ಎಂದು ಹೇಳಿದವರ್ಯಾರು?

ಹಾಗಾಗಿ ವರದಿ, ಸ್ಕೆಚ್, ಮಹಜರು (ಸ್ಥಳದಲ್ಲೇ ಬರೆದು ಸಹಿ ಹಾಕಿಸಿಕೊಳ್ಳುವ ದಾಖಲೆ) ಮೂರರ ನಕಲನ್ನೂ ತೆಗೆಸಿ. ಯಾವ ದಾಖಲೆ ನೋಡಿದ್ದಾರೆ, ಪಕ್ಕದ ಸೈಟನ್ನೂ ಅಳೆದಿದ್ದಾರಾ, ನಿಮಗೆ ನೋಟಿಸ್ ಬಂದಿತ್ತಾ, ಏನೇನು ಅಳೆಯಬೇಕು, ನೋಡಬೇಕು ಎಂದು ನಿಮ್ಮ ವಕೀಲರು ಬರೆದುಕೊಟ್ಟ ಸೂಚನಾ ಮೆಮೋಗೆ ಉತ್ತರ ಇದೆಯಾ ನೋಡಿ. ಕೋರ್ಟ್ ಕೇಳಿದ್ದು ಅಳತೆ ಮಾತ್ರ, ಅವರು ಸ್ವಾಧೀನ ಯಾರದು ಎಂದೂ ಬರೆದಿದ್ದರೆ ಅದನ್ನೂ ಎತ್ತಿ ತೋರಿಸಿ.

ಆಕ್ಷೇಪಣೆ ಹಾಕಿ ಸುಮ್ಮನಾಗಬೇಡಿ. ಕೋರ್ಟಿನ ಅನುಮತಿ ಪಡೆದು ಕಮಿಷನರ್ ಅವರನ್ನೇ ಕಟಕಟೆಗೆ ಕರೆಸಿ ಪಾಟೀಸವಾಲು ಮಾಡಬಹುದು. ನನ್ನ ಪ್ರಕಾರ ನಿಜವಾದ ಆಟ ಇರುವುದು ಇಲ್ಲೇ. ‘ಈ ಬಿಂದು ನಕ್ಷೆಯಲ್ಲಿ ಎಲ್ಲಿದೆ, ತೋರಿಸಿ’ ಎಂಬ ಒಂದೇ ಪ್ರಶ್ನೆಗೆ ಉತ್ತರ ಬರದಿದ್ದರೂ ಸಾಕು. ಖಾಸಗಿ ಸರ್ವೇಯರ್ ಹತ್ತಿರ ಮಾಡಿಸಿದ ಅಳತೆ ಇಂಥ ಪ್ರಶ್ನೆ ತಯಾರಿಸಲು ಒಳ್ಳೆಯದು, ಆದರೆ ಕಮಿಷನರ್ ವರದಿಗೆ ಅದು ಸಮ ಅಲ್ಲ.

ಬೇರೆ ಕಮಿಷನರ್ ಸಿಗುತ್ತಾರಾ? ಮೊದಲ ವರದಿಯಲ್ಲಿ ಕೊರತೆ ಇದೆ ಎಂದು ಜಡ್ಜ್‌ಗೆ ಅನಿಸಿದರೆ ಮರುಪರಿಶೀಲನೆಗೆ ಆದೇಶಿಸಬಹುದು. ನಿಮಗೆ ಇಷ್ಟವಾಗಲಿಲ್ಲ ಎಂದಷ್ಟೇ ಹೇಳಿದರೆ ಸಿಗುವುದು ಕಷ್ಟ. ಅರ್ಜಿ ವಜಾ ಆದರೂ ಆ ತಪ್ಪನ್ನು, ಡಿಕ್ರಿ (ದಾವೆಯ ಅಂತಿಮ ತೀರ್ಪಿನ ಆದೇಶ) ವಿರುದ್ಧ ಮೇಲ್ಮನವಿ ಹಾಕುವಾಗ ಅದೇ ಸಂಹಿತೆಯ ಕಲಂ 105ರಡಿ ಎತ್ತಬಹುದು. ಸರ್ವೆ ಇಲಾಖೆಗೆ ಅರ್ಜಿ ಕೊಟ್ಟು ಮಾಡಿಸುವ ಹದ್ದುಬಸ್ತಿನ (ಗಡಿ ಗುರುತಿಸುವ) ದಾರಿ ಬೇರೆ, ಅದನ್ನು ಇದಕ್ಕೆ ಬೆರೆಸಬೇಡಿ.

ಮರು ಅಳತೆಗೆ ಆದೇಶ ಆದರೆ ಆ ದಿನ ರಜೆ ಹಾಕಿ ನೀವೇ ಅಲ್ಲಿರಿ. ನೋಟಿಸ್ ಕೊಟ್ಟ ಮೇಲೂ ಬಾರದಿದ್ದರೆ ನೀವಿಲ್ಲದೆಯೇ ಅಳೆಯಬಹುದು. ತಕರಾರಿದ್ದರೆ ಮಹಜರಿನಲ್ಲೇ ಬರೆಯಿಸಿ, ಆಮೇಲೆ ಸಹಿ ಹಾಕಿ.